ಹುಲ್ಲಿನ ಕಡೆ

ಮೊದಲು ಆ ತಂತಿ ಕಳಚು, ಹೇಮಿ.
ಆಮೇಲೆ ಕೈಗವಸು, ಆಮೇಲೆ ಸ್ಪ್ಯಾನರು,
ಆಮೇಲೆ ನಿನ್ನ ಪ್ರಶ್ನೆಗಳು.
ಸ್ಪಾರ್ಕ್ ಪ್ಲಗ್ಗಿನ ಕರಿ ಟೊಪ್ಪಿಗೆ ಹಿಡಿದು ಎಳಿ,
ಎಳೆದದ್ದನ್ನು ದೂರ ಬಾಗಿಸಿ ಕಟ್ಟು,
ತಾನಾಗಿ ಹೋಗಿ ಮತ್ತೆ ಮುಟ್ಟದ ಹಾಗೆ.
ನಾನೇ ಕಳಚಿದ್ದೀನಿ ಅಂದರೂ ನಂಬಬೇಡ,
ಬಗ್ಗಿ ನೋಡು.

ಇಂಜಿನ್ ಆರಿಸಿದ್ದೀನಲ್ಲ ಅಂತೀಯ.
ಆರಿಸಿದ್ದೀಯ, ಸರಿ.
ಆರಿದ್ದಕ್ಕೂ ಸತ್ತದ್ದಕ್ಕೂ ವ್ಯತ್ಯಾಸ ಇದೆ.
ಇಪ್ಪತ್ತೆಂಟು ವರ್ಷದಿಂದ ಈ ಸ್ಮಶಾನದ ಹುಲ್ಲು ಕತ್ತರಿಸಿದ್ದೀನಿ,
ಅಷ್ಟಾದರೂ ನನಗೆ ಗೊತ್ತು.

ಈಗ ಪಕ್ಕಕ್ಕೆ ವಾಲಿಸು. ಅಯ್ಯೋ, ಆ ಕಡೆಗಲ್ಲ!
ಗಾಳಿ ಫಿಲ್ಟರ್ ಆಕಾಶ ನೋಡಬೇಕು.
ಇಲ್ಲದಿದ್ದರೆ ಎಣ್ಣೆಯೆಲ್ಲ ಅದರ ಮೂಗಿಗೆ ಇಳಿದು
ಶನಿವಾರವಿಡೀ ಬಿಳಿ ಹೊಗೆ ಕೆಮ್ಮುತ್ತೆ,
ಅದೂ ಮಿಸೆಸ್ ಗಿಲ್‌ರಾಯ್‌ನ ಮಣ್ಣು ಮಾಡುವ ಹೊತ್ತಿಗೆ.

ಮರದ ತುಂಡೆಲ್ಲಿ? ಆ ಮ್ಯಾಕ್ರೊಕಾರ್ಪ ಚೂರು?
ಬ್ಲೇಡು ಅಲುಗದ ಹಾಗೆ ಅಡ್ಡ ಸಿಗಿಸು.
ಕೈಯಲ್ಲೇ ಹಿಡೀತೀನಿ ಅನ್ನಬೇಡ.
ಡೂಗಲ್ ಹಾಗೇ ಅಂದಿದ್ದ.

ನನ್ನ ಗಂಡನ ತಮ್ಮ. ನನಗಿಂತ ಮುಂಚೆ ಇದು ಅವನ ಕೆಲಸ.
ನಿನ್ನಷ್ಟೇ ಉದ್ದ, ನಿನಗಿಂತ ಜಂಬ.
ಯಾರದೋ ಹೂಚಕ್ರದ ಸರಿಗೆ ಬ್ಲೇಡಿಗೆ ಸುತ್ತಿಕೊಂಡಿತ್ತು.
ಒಂಚೂರು ಹಿಂದಕ್ಕೆ ತಿರುಗಿಸಿದರೆ ಬಿಡುತ್ತೆ ಅಂತ ತಿರುಗಿಸಿದ.
ಒಳಗೊಂದು ಉಸಿರು ಉಳಿದಿತ್ತು.
ಒಂದೇ ಒಂದು ಕೆಮ್ಮು.
ಯಂತ್ರ ಕೈ ಕೊಟ್ಟಿತು ಅಂತಾರೆ ಜನ.
ಕೈ ಕೊಟ್ಟವನು ಡೂಗಲ್.

ಎರಡು ಬೆರಳು.
ಇನ್ವರ್‌ಕಾರ್ಗಿಲ್ ಆಸ್ಪತ್ರೆಯಲ್ಲಿ ಹೊಲಿಯೋಕಾಗಲ್ಲ ಅಂದರು,
ಅವನ ತಾಯಿ ಬಿಸಾಡೋಕೆ ಒಪ್ಪಲಿಲ್ಲ.
ಬಿಸ್ಕತ್ತಿನ ತಗಡು ಡಬ್ಬಿಯಲ್ಲಿಟ್ಟು
ಆರನೇ ಸಾಲಲ್ಲಿ, ಮನೆತನದ ಜಾಗದಲ್ಲಿ ಹೂತಳು.
ಡೂಗಲ್ ಪಕ್ಕದಲ್ಲೇ ನಿಂತು
ಉಳಿದ ಬೆರಳುಗಳಲ್ಲಿ ಸಿಗರೇಟು ಹಿಡಿದಿದ್ದ.
ಮಿಕ್ಕ ಡೂಗಲ್ ಅಲ್ಲಿಗೆ ಬಂದದ್ದು
ಹತ್ತೊಂಬತ್ತು ವರ್ಷ ಕಳೆದು, ನ್ಯುಮೋನಿಯಾದಲ್ಲಿ.
ಗುಂಡಿ ತೋಡುವಾಗ ಡಬ್ಬಿಯ ಮುಚ್ಚಳ ಸಿಕ್ಕಿತು,
ಅದರ ಮೇಲಿನ ಜಿಂಕೆಗೆ ಇನ್ನೂ ಒಂದು ಕೊಂಬು ಕಾಣ್ತಿತ್ತು.
ನಗು ಬಂದರೆ ನಗು. ಅವನೂ ನಗ್ತಿದ್ದ.
ಬೋಲ್ಟು ಬಿಚ್ಚುವಾಗ ಮಾತ್ರ ಬೇಡ.

ಎಡಕ್ಕೆ. ಇನ್ನೂ ಎಡಕ್ಕೆ. ತುಕ್ಕು.
ನಾಲ್ಕು ತೊಟ್ಟು ಎಣ್ಣೆ ಬಿಡು, ಚಹಾ ಕುಡಿಯೋಣ.
ಇಲ್ಲಿರುವ ಯಾರಿಗೂ ಆತುರವಿಲ್ಲ.
ನೋಡು, ಆ ಪ್ಯಾರಡೈಸ್ ಬಾತುಗಳ ಜೋಡಿ,
ಕಲ್ಲುಗಳ ನಡುವೆ ಮೇಯುತ್ತ ನಮ್ಮ ಕೆಲಸ ಕಮ್ಮಿ ಮಾಡ್ತಿವೆ,
ಸಂಬಳವಿಲ್ಲದೆ.

ಹಾಂ, ಬಿಟ್ಟಿತು.
ವಾಷರುಗಳು ಬಂದ ಕ್ರಮದಲ್ಲೇ ನಿನ್ನ ಟೊಪ್ಪಿಯಲ್ಲಿ ಜೋಡಿಸು.
ಹಳೆಯದನ್ನು ನೋಡು: ತುದಿಯೆಲ್ಲ ಬೆಣ್ಣೆ ಸವರುವ ಚಾಕು.
ಇದು ಹುಲ್ಲು ಕೊಯ್ತಿರಲಿಲ್ಲ, ಜುಟ್ಟು ಹಿಡಿದು ಕೀಳ್ತಿತ್ತು.
ಅದಕ್ಕೇ ಕಳೆದ ವಾರ ಸಾಲಿಗೆ ಸಾಲೇ ಕಂದಿ ನಿಂತದ್ದು.

ಈಗ ಹೊಸದು. ನಿಲ್ಲು, ನಿಲ್ಲು.
ಅದರ ಮೇಲೇನೋ ಕೊರೆದಿದೆ, ಜೋರಾಗಿ ಓದು.
'ಹುಲ್ಲಿನ ಕಡೆ.'
ಆ ಅಕ್ಷರ ಕೆಳಮುಖ ಇರಬೇಕು.
ಯಂತ್ರ ವಾಲಿರುವಾಗ ನೀನು ಓದ್ತೀಯ,
ನೆಟ್ಟಗೆ ನಿಲ್ಲಿಸಿದ ಮೇಲೆ ಅವರು.
ಕಾರ್ಖಾನೆಯಲ್ಲಿ ಅಚ್ಚು ಹಾಕಿದವನಿಗೆ ಇದೆಲ್ಲ ಹೊಳೆದಿರಲಿಕ್ಕಿಲ್ಲ.

ಬಲಕ್ಕೆ ಬಿಗಿ. ಇನ್ನೊಂದು ಕಾಲು ಸುತ್ತು. ಸಾಕು.
ಮರದ ತುಂಡು ತೆಗೆದೆಯಾ? ತೋರಿಸು.
ನೆಟ್ಟಗೆ ನಿಲ್ಲಿಸು. ಕೈಗವಸು ಬಿಚ್ಚಿ ಬೆರಳೆಣಿಸು.
ಹುಚ್ಚು ಅನ್ನಿಸಿದರೂ ಎಣಿಸು, ನಾನೂ ಎಣಿಸ್ತೀನಿ.
ಎಲ್ಲ ಆದ ಮೇಲೆ ಆ ಕರಿ ಟೊಪ್ಪಿಗೆ,
ಟಕ್ ಅನ್ನುವವರೆಗೆ ಒತ್ತು.

ಆರನೇ ಸಾಲು ಬಿಟ್ಟು ಬಾ.
ಅದನ್ನು ನಾನು ಕತ್ತರಿಯಲ್ಲಿ ಮಾಡ್ತೀನಿ, ಮಂಡಿಯೂರಿ.
ಯಾಕೆ ಅಂತ ಕೇಳಬೇಡ.

ಕೇಳೇಬಿಟ್ಟೆ.
ಅವತ್ತು ಬೆಳಿಗ್ಗೆ ಚಹಾ ಕೊಡೋಕೆ ಬಂದಿದ್ದೆ,
ತಂತಿ ಕಳಚಿದ್ದೀನಿ, ನೀನು ಮಾಡು ಅಂದವಳು ನಾನು.
ಕಳಚಿದ್ದೆ ಅಂದುಕೊಂಡಿದ್ದೆ.

ಹೋಗು, ಜಲಸಂಧಿ ಕಡೆ ಕಪ್ಪಾಗ್ತಿದೆ,
ಒದ್ದೆ ಹುಲ್ಲು ಕೊಯ್ಯೋಕೆ ಬರಲ್ಲ.